ಉಳುಕು ಎಂಬ ಮಾತಿನ ಮೂಲ

ಚಿತ್ರದುರ್ಗ ಜಿಲ್ಲೆಯ ಮೊಳಕಾಲ್ಮೂರು ತಾಲ್ಲೂಕಿಗೆ ಸೇರಿದ ದೇವಸಮುದ್ರವು ಕನ್ನಡ ತೆಲುಗುಗಳೆರಡೂ ಕಿವಿಗೆ ಬೀಳುವ ಗಡಿನಾಡಿನ ಊರು. ನೆರೆಯ ರಾಯದುರ್ಗವು 1953ರಲ್ಲಿ ಬಳ್ಳಾರಿ ಜಿಲ್ಲೆಯಿಂದ ಬೇರ್ಪಟ್ಟು ಆಂಧ್ರಕ್ಕೆ ಸೇರಿತು. ಆದರೆ ಮಾತುಗಳು ಗಡಿಯ ಕಲ್ಲನ್ನು ಕಂಡು ನಿಲ್ಲತಕ್ಕವುಗಳಲ್ಲ. ಇಂಥ ಸೀಮೆಯಲ್ಲಿ ಹೊಲದ ಬದುವಿನ ಮೇಲೆ ಕಾಲು ಹೊರಳಿದರೆ ಕನ್ನಡಿಗನು ‘ಉಳುಕಿತು’ ಎನ್ನುವನು, ತೆಲುಗನು ‘ಬೆಣಿಕಿಂದಿ’ ಎನ್ನುವನು. ನೋವು ಒಂದೇ, ಹೆಸರು ಎರಡು.

ಇವುಗಳಲ್ಲಿ ಕನ್ನಡದ ‘ಉಳುಕು’ ಸಂಸ್ಕೃತದಿಂದ ಬಂದುದಲ್ಲ. ಅಚ್ಚ ದ್ರಾವಿಡ ಶಬ್ದವು. ಇದೇ ಅರ್ಥದಲ್ಲಿ ತಮಿಳರು ‘ಉಳುಕ್ಕು’, ‘ಸುಳುಕ್ಕು’ ಎಂದೂ ಮಲೆಯಾಳಿಗಳು ‘ಉಳುಕ್ಕು’ ಎಂದೂ ಹೇಳುವರು. ತೆಲುಗಿನಲ್ಲಿಯೂ ‘ಉಲುಕು’ ಎಂಬ ಮಾತುಂಟು. ಅದಕ್ಕೆ ಬೆಚ್ಚಿಬೀಳುವುದೆಂದು ಅರ್ಥ. ಕನ್ನಡದ ಮುಳ್ಳು ತೆಲುಗಿನಲ್ಲಿ ಮುಲ್ಲು, ಕಳ್ಳು ಕಲ್ಲು ಆಗಿರುವುದನ್ನು ನೋಡಿದರೆ ಉಳುಕು–ಉಲುಕುಗಳ ರೂಪಸಾಮ್ಯವು ಗಮನಾರ್ಹವಾದುದು. ಕನ್ನಡದೊಳಗೇ ಇದಕ್ಕೆ ಒಡಹುಟ್ಟಿದವುಗಳಂತೆ ಕೇಳಿಬರುವ ಮಾತುಗಳು ಹಲವು: ಬಳ್ಳಿ ಬಳುಕುವುದು, ಕೊಡದ ನೀರು ತುಳುಕುವುದು, ಮನಸ್ಸು ಅಳುಕುವುದು. ಎಲ್ಲವೂ ಇದ್ದ ನೆಲೆಯಿಂದ ಕದಲುವುದನ್ನೇ ಸೂಚಿಸುವುವು. ಆದುದರಿಂದ ಉಳುಕು ಎಂಬುದು ನೋವಿನ ಹೆಸರಲ್ಲ, ನೋವಿಗೆ ಕಾರಣವಾದ ಕದಲಿಕೆಯ ಹೆಸರು ಎಂದು ತಿಳಿಯಬಹುದು.

ಜನರ ಮಾತು ಇತರ ನೋವುಗಳಿಗೆ ಬೇರೆ ಬೇರೆ ಹೆಸರುಗಳನ್ನಿಟ್ಟಿದೆ. ಇರಿದಂತೆ ಬಂದು ಹೋಗುವುದು ಚಳುಕು. ರಾತ್ರಿಯ ವೇಳೆ ಕಾಲು ಗಂಟುಕಟ್ಟಿದಂತೆ ಬಿಗಿಯುವುದು ಮೀನಖಂಡದ ಹಿಡಿತ. ಅಲ್ಲಿಯ ಮಾಂಸದಲ್ಲಿ ಕನ್ನಡಿಗರು ಮೀನನ್ನು ಕಂಡರು. ಪುರಾತನ ರೋಮನರು ಮೈಯ ಮಾಂಸಖಂಡಕ್ಕೆ ‘ಪುಟ್ಟ ಇಲಿ’ ಎಂಬರ್ಥದ ಹೆಸರನ್ನಿಟ್ಟರು.

ಪಂಡಿತರ ಶಬ್ದಗಳೂ ಸ್ಥಾನಪಲ್ಲಟ ಹೊಂದದೆ ಇಲ್ಲ. ಇಂದು ಮಾಂಸಖಂಡವೆಂಬರ್ಥದಲ್ಲಿ ಬಳಕೆಯಾಗುವ ‘ಸ್ನಾಯು’ವು ಸುಶ್ರುತಸಂಹಿತೆಯಲ್ಲಿ ಕೀಲುಗಳನ್ನು ಬಿಗಿದಿಡುವ ಕಟ್ಟು, ಮಾಂಸಖಂಡಕ್ಕೆ ಅಲ್ಲಿ ‘ಪೇಶಿ’ಯೆಂದು ಹೆಸರು. ಪೇಶಿಗಳು 500, ಸ್ನಾಯುಗಳು 900 ಎಂದು ಆ ಗ್ರಂಥವು ಎಣಿಸುವುದು. ಹಲಗೆಗಳನ್ನು ಬಿಗಿದು ಕಟ್ಟಿದ ದೋಣಿಯು ಭಾರವನ್ನು ಹೊರುವಂತೆ ಸ್ನಾಯುಗಳಿಂದ ಬಿಗಿದ ದೇಹವೂ ಹೊರುವುದೆಂಬುದು ಅಲ್ಲಿಯ ಉಪಮೆ. ಪಾದದ ಕೀಲು ಉಳುಕಿದಾಗ ಎಳೆಯಲ್ಪಡುವುದು ಅಥವಾ ಹರಿಯುವುದು ಈ ಕಟ್ಟೇ ಎಂಬುದು ಈಗಿನ ವೈದ್ಯಶಾಸ್ತ್ರಕ್ಕೂ ಸಮ್ಮತವಾದುದು.

ಹಳ್ಳಿಗಳಲ್ಲಿ ‘ಉಳುಕು ತೆಗೆಯುವುದು’ ಎಂಬ ಪ್ರಯೋಗವುಂಟು. ಕಾಲು ಮುಂದಾಗಿ ಹುಟ್ಟಿದವರು ನೀವಿದರೆ ಅಥವಾ ಮೆಟ್ಟಿದರೆ ಉಳುಕು ಬಿಡುವುದೆಂಬ ನಂಬಿಕೆಯೂ ಉಂಟು. ಕದಲಿದುದನ್ನು ಮರಳಿ ನೆಲೆಗೆ ತರಬೇಕೆಂಬ ಭಾವನೆಯು ಶಬ್ದಾರ್ಥದಿಂದಲೇ ಹುಟ್ಟಿತೆಂದರೆ ಸಲ್ಲುವುದು. ಅಪಾಯವೂ ಇಲ್ಲಿಯೇ ಇರುವುದು. ಎಲುಬು ಮುರಿದಾಗಲೂ ಉಳುಕಿನಲ್ಲಿ ಕಾಣುವ ಬಾವು ಮತ್ತು ನೋವುಗಳೇ ಕಾಣುವುವು. ಅದನ್ನು ಉಳುಕೆಂದು ಕರೆದು ಎಳೆದು ನೀವಿದರೆ ಅಂಗಕ್ಕೇ ಕೇಡು. ಹೆಜ್ಜೆಯೂರಲಾಗದ ಕಾಲಿಗೆ ಹೆಸರಿಡುವ ಮೊದಲು ವೈದ್ಯನಿಗೆ ತೋರಿಸುವುದು ಮೇಲು. ಹಿರಿಯರು ಒಂದೊಂದು ನೋವಿಗೂ ಒಂದೊಂದು ಮಾತನ್ನು ಬಿಟ್ಟುಹೋಗಿರುವಾಗ, ಎಲ್ಲಕ್ಕೂ ಉಳುಕೆಂಬ ಒಂದೇ ಹೆಸರನ್ನು ಹಚ್ಚುವುದು ಭಾಷೆಗೂ ಹಿತವಲ್ಲ, ದೇಹಕ್ಕೂ ಹಿತವಲ್ಲ.