ನಿಲುಫೆರ್

ನಿಲುಫೆರ್: ಟರ್ಕಿಯ ಹೆಣ್ಣುಮಕ್ಕಳಿಗೆ ಇಡುವ ಹೆಸರು, ಅರ್ಥ, ನೈದಿಲೆ ಹೂವು. ಇದು ಅಚ್ಚ ಟರ್ಕಿಶ್ ಹೆಸರೆಂದೇ ತೋರಿದರೂ ಇದರ ಬೇರು ಸಂಸ್ಕೃತದ ‘ನೀಲೋತ್ಪಲ’ದಲ್ಲಿದೆ. ನೀಲ ಮತ್ತು ಉತ್ಪಲ ಸೇರಿ ಆದ ಈ ಪದ ಹೇಳುವ ಹೂವೇ ಕನ್ನಡದ ಕನ್ನೈದಿಲೆ. ನೀಲೋತ್ಪಲ, ನಿಲುಫೆರ್ ಎರಡೂ ಪದಗಳು ಉಚ್ಚಾರದಲ್ಲಿ ತೀರ ದೂರವಲ್ಲವೇ ಎಂಬ ಆಕ್ಷೇಪ ಸಹಜ. ಆದರೆ ನಡುವಣ ಕೊಂಡಿ ಉಳಿದಿದೆ: ಮಧ್ಯಕಾಲೀನ ಪಹ್ಲವಿಯಲ್ಲಿ ಇದು ‘ನೀಲೋಪಲ್’. ಒತ್ತಕ್ಷರ ಸಡಿಲಿ, ‘ಪ’ಕಾರ ‘ಫ’ ಆಗಿ, ‘ಲ’ಕಾರ ‘ರ’ ಆಗಿ ಪಾರಸಿಯ ‘ನೀಲೂಫರ್’ ರೂಪುಗೊಂಡಿತು. ಅಲ್ಲಿಂದ ಟರ್ಕಿಶ್ ಭಾಷೆಗೆ ಬಂತು. ಫ್ರೆಂಚರ ‘ನೆನ್ಯುಫಾರ್’ ಸಹ ಇದೇ ಬಳ್ಳಿಯ ಹೂ.

ಆಟೊಮನ್ ದೊರೆ ಓರ್ಹಾನನ ಪತ್ನಿ, ಒಂದನೆಯ ಮುರಾದನ ತಾಯಿ ನಿಲುಫೆರ್ ಹಾತೂನಳಿಂದ ಈ ಹೆಸರಿಗೆ ಚರಿತ್ರೆಯಲ್ಲಿ ಸ್ಥಾನ ದೊರೆಯಿತು. ತಾಯಿಯ ನೆನಪಿಗೆ ಮುರಾದನು 1388ರಲ್ಲಿ ಇಜ್ನಿಕ್‌ನಲ್ಲಿ ಕಟ್ಟಿಸಿದ ಅನ್ನಛತ್ರದ ಕಟ್ಟಡ ಇಂದಿಗೂ ನಿಂತಿದೆ. ಬುರ್ಸಾದ ಒಂದು ನದಿಗೂ ಇದೇ ಹೆಸರು. ಆಕೆ ಬೈಜಾಂಟೈನ್ ಮೂಲದವಳು, ‘ಹೊಲೋಫಿರಾ’ ಎಂಬ ಗ್ರೀಕ್ ಹೆಸರೇ ನಿಲುಫೆರ್ ಆಯಿತು ಎನ್ನುವವರಿದ್ದಾರೆ. ಹಾಗೆಂದುಕೊಂಡರೂ ವಾದ ಬೀಳುವುದಿಲ್ಲ: ಪರಕೀಯ ಹೆಸರೊಂದು ಬಳಕೆಯಲ್ಲಿದ್ದ ಹೂವಿನ ಹೆಸರಿಗೆ ಹೊಂದಿಕೊಂಡಿತೆಂದಷ್ಟೇ ಅದರ ಅರ್ಥ, ಹೂವಿನ ಪದದ ಮೂಲ ಬದಲಾಗದು. 1931ರಲ್ಲಿ ವಿವಾಹವಾಗಿ ಹೈದರಾಬಾದಿನ ನಿಜಾಮರ ಸೊಸೆಯಾಗಿ ಆಟೊಮನ್ ರಾಜಕುಮಾರಿ ನಿಲೋಫರ್ ಬಂದಾಗ ಪದವೂ ತವರಿಗೆ ಮರಳಿದಂತಾಯಿತು. ಅಲ್ಲಿನ ನಿಲೋಫರ್ ಆಸ್ಪತ್ರೆ ಆಕೆಯ ಹೆಸರಿನದೇ. ಬೇರು ಸಂಸ್ಕೃತದ್ದಾದರೂ ಹೆಸರು ಅದನ್ನು ಪ್ರೀತಿಯಿಂದ ಇಟ್ಟುಕೊಂಡ ಪ್ರತಿ ನಾಡಿನದೂ ಹೌದು.