ಗುಡಿಯೊಳಗಿನ ಗುಡಿ

ದೊಡ್ಡದರಲ್ಲಿರುವ ಆಕಾರವೇ ಸಣ್ಣದರಲ್ಲಿಯೂ ಇದೆ, ಆ ಸಣ್ಣದರ ತುಣುಕಿನಲ್ಲಿಯೂ ಮತ್ತೆ ಅದೇ ಇದೆ. ಅಣುವಿನಿಂದ ಬ್ರಹ್ಮಾಂಡದವರೆಗೆ ಸೃಷ್ಟಿಯೆಲ್ಲ ಈ ಒಂದೇ ಸೂತ್ರದಿಂದ ನೆಯ್ದುದು. ಇಂಥದೊಂದು ವಿಚಾರ ಭೌತಶಾಸ್ತ್ರದ ಅಂಗಳದಲ್ಲಿ ಆಗಾಗ ತಲೆಯೆತ್ತುವುದುಂಟು. ಈ ಬಗೆಯ ಆಕಾರಗಳಿಗೆ ಗಣಿತಜ್ಞ ಮ್ಯಾಂಡೆಲ್‌ಬ್ರೋ 1975ರಲ್ಲಿ ‘ಫ್ರ್ಯಾಕ್ಟಲ್’ ಎಂದು ಹೆಸರಿಟ್ಟ. ಅಳ್ನಾವರದ ಕಾಡಂಚಿನಲ್ಲಿ ಮಳೆಗಾಲಕ್ಕೆ ಚಿಗುರುವ ಜರೀಗಿಡವನ್ನು ನೋಡಿದವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ: ಇಡಿಯ ಗರಿಯಂತೆ ಅದರ ಒಂದು ಎಸಳು, ಆ ಎಸಳಿನಂತೆ ಅದರ ಅಂಚಿನ ಕಿರುಎಸಳು.

ನಾನು ವಿಜ್ಞಾನದವನಲ್ಲ, ಕಾಲೇಜಿನಲ್ಲಿ ಕನ್ನಡ ಕಲಿಸುವವನು. ಆದರೆ “ಇದೆಲ್ಲ ನಮ್ಮ ಹಿರಿಯರಿಗೆ ಮೊದಲೇ ಗೊತ್ತಿತ್ತು, ಬೇಕಾದರೆ ಗುಡಿಗಳನ್ನು ನೋಡಿರಿ” ಎಂಬ ಮಾತನ್ನು ವಿದ್ಯಾರ್ಥಿಗಳ ಬಾಯಲ್ಲಿ ಕೇಳಿದಾಗಲೆಲ್ಲ ಈ ವಿಚಾರ ನನ್ನದೂ ಆಗುತ್ತದೆ. ಗುಡಿಗಳನ್ನು ನೋಡಿರಿ ಎಂಬುದು ಒಳ್ಳೆಯ ಸಲಹೆ. ನೋಡಿಯೇ ಬಿಡೋಣ.

ಅಳ್ನಾವರದ ನೆರೆಯಲ್ಲಿ, ಖಾನಾಪುರ ತಾಲೂಕಿನಲ್ಲಿ, ಹಲಸಿ ಇದೆ. ಪಲಾಶಿಕೆಯೆಂಬ ಹೆಸರಿನಿಂದ ಬನವಾಸಿಯ ಕದಂಬರಿಗೆ ಎರಡನೆಯ ರಾಜಧಾನಿಯಾಗಿದ್ದ ಊರದು. ಗೋವೆಯ ಕದಂಬರ ಕಾಲದ, 12ನೆಯ ಶತಮಾನದ ಭೂವರಾಹ ನರಸಿಂಹ ಗುಡಿಯ ಶಿಖರ ಅಲ್ಲಿ ಮೆಟ್ಟಿಲು ಮೆಟ್ಟಿಲಾಗಿ ಏರುತ್ತದೆ. ಮೇಲಿನ ಮೆಟ್ಟಿಲು ಕೆಳಗಿನದರ ಕಿರಿಯ ಪ್ರತಿ, ಅಷ್ಟೇ. ಇದು ಮೊದಲ ಪಾಠ.

ಎರಡನೆಯ ಪಾಠಕ್ಕೆ ಜಿಲ್ಲೆಯ ಮೂಡಲ ತುದಿಗೆ, ಪಂಪನ ಹುಟ್ಟೂರೆಂದು ಹೆಸರಾದ ಅಣ್ಣಿಗೇರಿಗೆ ಹೋಗಬೇಕು. 76 ಕಂಬಗಳ ಅಮೃತೇಶ್ವರ ಗುಡಿ ಕಲ್ಯಾಣದ ಚಾಲುಕ್ಯರ ಕಾಲದಲ್ಲಿ, ಸುಮಾರು 1050ರಲ್ಲಿ, ಎದ್ದುನಿಂತದ್ದು. ಆ ಕಾಲದ ವಿಮಾನವನ್ನು ಒಂದು ಗುಡಿಯೆನ್ನುವುದಕ್ಕಿಂತ ಕಿರುಗುಡಿಗಳ ಗುಂಪು ಎನ್ನುವುದೇ ಸರಿ. ಮೂಲೆಗೆ ಚೌಕನೆಯ ಕೂಟ, ನಡುವೆ ಉದ್ದನೆಯ ಶಾಲೆ, ಸಂದಿನಲ್ಲಿ ಪಂಜರ. ಒಂದೊಂದೂ ಒಂದು ಗುಡಿಯ ಚಿಕ್ಕ ರೂಪ. ಕರ್ಣಾಟ ದ್ರಾವಿಡ ಶೈಲಿಯನ್ನು ಆಡಮ್ ಹಾರ್ಡಿಯವರು 1995ರ ತಮ್ಮ ಗ್ರಂಥದಲ್ಲಿ ವಿವರಿಸಿರುವುದು ಈ ದೃಷ್ಟಿಯಿಂದಲೇ. ಮರಳುಗಲ್ಲಿನಿಂದ ಬಳಪದ ಕಲ್ಲಿಗೆ ಬಂದ ಮೊದಮೊದಲ ಗುಡಿಗಳಲ್ಲಿ ಅಣ್ಣಿಗೇರಿಯದೂ ಒಂದು. ಕಲ್ಲು ಮೆದುವಾದಂತೆ ಉಳಿ ಇನ್ನೂ ಒಳಕ್ಕೆ ಇಳಿಯಿತು. ಇಂಥ ಗುಡಿಗಳ ಗೋಡೆಯಲ್ಲಿ ತೆಳುಗಂಬದ ತಲೆಯ ಮೇಲೂ ಒಂದು ಪುಟ್ಟ ಶಿಖರ ಮೂಡಿತು. ಅಂಗಾಂಗಗಳ ಅಳತೆಯನ್ನೆಲ್ಲ ಒಂದು ಮೂಲಮಾನದಿಂದ ಹೊರಡಿಸುವ ಶಿಲ್ಪಶಾಸ್ತ್ರದ ಪದ್ಧತಿ ಇದಕ್ಕೆ ಅನುಕೂಲವಾಗಿಯೇ ಇತ್ತು.

1989ರಲ್ಲಿ ಕೀರ್ತಿ ತ್ರಿವೇದಿಯವರು ನಮ್ಮ ಗುಡಿಗಳನ್ನು ಫ್ರ್ಯಾಕ್ಟಲ್ ವಿಶ್ವದ ಮಾದರಿಗಳೆಂದು ಕರೆದರು. ಮಾದರಿ ಎಂಬ ಮಾತು ಒಪ್ಪತಕ್ಕದ್ದೇ. ಪಿಂಡಾಂಡದಲ್ಲಿ ಬ್ರಹ್ಮಾಂಡವನ್ನು ಕಾಣುವ ನಂಬಿಕೆ ನಮ್ಮಲ್ಲಿ ಹಳೆಯದು. ಆದರೆ ಮಾದರಿ ಬೇರೆ, ಸಿದ್ಧಾಂತ ಬೇರೆ. ಅಳೆದು ನೋಡಿ ತಪ್ಪೆಂದು ತೋರಿಸಲು ಎಡೆಗೊಡುವ ಮಾತಿಗೇ ವಿಜ್ಞಾನದಲ್ಲಿ ಸಿದ್ಧಾಂತವೆಂದು ಹೆಸರು.

ವಿಶ್ವದ ವಿಷಯದಲ್ಲಿ ಅಂಥ ಅಳತೆ ನಡೆದಿದೆ. 1908ರಲ್ಲಿಯೇ ಸ್ವೀಡನ್ನಿನ ಶಾರ್ಲಿಯೆ, ನಕ್ಷತ್ರಗಳ ಗುಂಪು, ಆ ಗುಂಪುಗಳ ಗುಂಪು, ಹೀಗೆ ಕೊನೆಯಿಲ್ಲದ ಶ್ರೇಣಿಯಾಗಿ ವಿಶ್ವವನ್ನು ಕಲ್ಪಿಸಿದ್ದ. 1987ರಲ್ಲಿ ಇಟಲಿಯ ಪಿಯೆತ್ರೊನೆರೊ, ಗೆಲಾಕ್ಸಿಗಳ ಹಂಚಿಕೆ ಫ್ರ್ಯಾಕ್ಟಲ್ ಎಂದು ವಾದಿಸಿದರು. ಸಣ್ಣ ಅಳತೆಗಳಲ್ಲಿ ಈ ವಾದಕ್ಕೆ ಬಲವಿತ್ತು. ಆದರೆ 2005ರಲ್ಲಿ ಸ್ಲೋನ್ ಆಕಾಶ ಸಮೀಕ್ಷೆಯ ಎಣಿಕೆ ಪ್ರಕಟವಾದಾಗ, ಸುಮಾರು 30 ಕೋಟಿ ಜ್ಯೋತಿರ್ವರ್ಷಗಳನ್ನು ದಾಟಿದರೆ ಗೆಲಾಕ್ಸಿಗಳು ಎಲ್ಲೆಡೆ ಹೆಚ್ಚುಕಡಿಮೆ ಸಮನಾಗಿ ಹರಡಿವೆಯೆಂದು ಕಂಡುಬಂದಿತು. ಗುಂಪಿನೊಳಗೆ ಗುಂಪು ಎಂಬ ಸಾಲು ಅಲ್ಲಿಗೆ ಮುಗಿಯಿತು.

ಶಿಲ್ಪಿಯ ಸಾಲೂ ಮುಗಿಯುತ್ತದೆ. ಒಳಕ್ಕೆ ಉಳಿಯ ಮೊನೆಯಲ್ಲಿ, ಮೇಲಕ್ಕೆ ಕಳಸದಲ್ಲಿ. ಅವನು ಗೆಲಾಕ್ಸಿಗಳನ್ನು ಎಣಿಸಲಿಲ್ಲ, ಎಣಿಸಿದೆನೆಂದು ಹೇಳಿಕೊಳ್ಳಲೂ ಇಲ್ಲ. ಅವನು ಬಲ್ಲದ್ದು ಕಲ್ಲು, ದಾರ, ಅಳತೆ. ಸಾವಿರ ವರ್ಷಗಳ ಹಿಂದೆ ಅಷ್ಟರಿಂದಲೇ ಒಂದು ಗುಡಿಯೊಳಗೆ ನೂರು ಗುಡಿಗಳನ್ನು ಕಾಣಿಸಿದನಲ್ಲ, ಅದಕ್ಕೆ ಸಲ್ಲುವ ಗೌರವ ಪೂರ್ತಿಯಾಗಿ ಸಲ್ಲಲಿ. ಅವನು ಕೇಳದ ಬಿರುದೊಂದನ್ನು ಹೊರಿಸಿದ ಮೇಲೆ ನಾವು ಗೋಡೆಯ ಹತ್ತಿರ ಹೋಗುವುದನ್ನೇ ಬಿಡುತ್ತೇವೆ. ಎಲ್ಲ ಗೊತ್ತಿತ್ತಂತೆ ಎಂದು ಹೊರಗಿನಿಂದಲೇ ಕೈಮುಗಿದು ಬರುತ್ತೇವೆ. ಹತ್ತಿರ ಹೋಗಿ ಒಂದು ತೆಳುಗಂಬದ ಮೇಲಿನ ಪುಟ್ಟ ಶಿಖರದ ಅಂತಸ್ತುಗಳನ್ನು ಎಣಿಸಿ ಬಂದ ವಿದ್ಯಾರ್ಥಿ ನನಗೆ ಹೆಚ್ಚು ಮೆಚ್ಚು.