ಫೆಬ್ರುವರಿ 16, 1980ರ ಸೂರ್ಯಗ್ರಹಣ

ಫೆಬ್ರುವರಿ 16, 1980ರ ಸೂರ್ಯಗ್ರಹಣವು ಆಫ್ರಿಕಾ ಮತ್ತು ಏಷ್ಯಾ ಖಂಡಗಳಲ್ಲಿ ಗೋಚರಿಸಿದ ಒಂದು ಖಗ್ರಾಸ (ಪೂರ್ಣ) ಸೂರ್ಯಗ್ರಹಣವಾಗಿದೆ. ಮಾಘ ಬಹುಳ ಅಮಾವಾಸ್ಯೆಯ ಆ ಶನಿವಾರದಂದು ಚಂದ್ರನ ದಟ್ಟ ನೆರಳು ಕರ್ನಾಟಕದ ಕರಾವಳಿಯನ್ನು ಪ್ರವೇಶಿಸಿ, ಧಾರವಾಡ ಸೀಮೆ ಹಾಗೂ ರಾಯಚೂರು ದೋಆಬ್ ಪ್ರದೇಶವನ್ನು ಹಾದು, ಆಂಧ್ರಪ್ರದೇಶ ಮತ್ತು ಒಡಿಶಾಗಳ ಮೂಲಕ ಬಂಗಾಳ ಕೊಲ್ಲಿಯತ್ತ ಸಾಗಿತು. 1898ರ ನಂತರ ಭಾರತದ ಮುಖ್ಯಭೂಮಿಯಲ್ಲಿ ಕಾಣಿಸಿದ ಮೊದಲ ಖಗ್ರಾಸ ಸೂರ್ಯಗ್ರಹಣವಿದು. ರಾಯಚೂರು ಜಿಲ್ಲೆಯ ಜವಳಗೇರಾ ಗ್ರಾಮದಲ್ಲಿ ಬೆಂಗಳೂರಿನ ಭಾರತೀಯ ಖಭೌತ ಸಂಸ್ಥೆಯು ವೀಕ್ಷಣಾ ಶಿಬಿರವನ್ನು ಸ್ಥಾಪಿಸಿದ್ದರಿಂದ ಭಾರತದ ಸೌರವಿಜ್ಞಾನದ ಚರಿತ್ರೆಯಲ್ಲಿ ಈ ಜಿಲ್ಲೆಗೆ ಒಂದು ಸ್ಥಾನ ದೊರೆತಿದೆ.

ಗ್ರಹಣದ ವಿವರಗಳು

ಗ್ರಹಣದ ಪ್ರಮಾಣ 1.0434 ಆಗಿತ್ತು. ಅಂದರೆ ಭೂಮಿಯಿಂದ ನೋಡುವವರಿಗೆ ಚಂದ್ರಬಿಂಬವು ಸೂರ್ಯಬಿಂಬಕ್ಕಿಂತ ತುಸು ದೊಡ್ಡದಾಗಿ ಕಾಣುತ್ತಿತ್ತು. ಗರಿಷ್ಠ ಗ್ರಹಣವು ಹಿಂದೂ ಮಹಾಸಾಗರದ ಮೇಲೆ, ಸಮಭಾಜಕ ವೃತ್ತದ ಸಮೀಪದಲ್ಲಿ, ಭಾರತೀಯ ಕಾಲಮಾನ ಮಧ್ಯಾಹ್ನ 2 ಗಂಟೆ 24 ನಿಮಿಷಕ್ಕೆ ಸಂಭವಿಸಿತು. ಅಲ್ಲಿ ಪೂರ್ಣತೆಯ ಅವಧಿ 4 ನಿಮಿಷ 8 ಸೆಕೆಂಡು ಇದ್ದು, ನೆರಳಿನ ಪಥದ ಅಗಲ ಸುಮಾರು 149 ಕಿ.ಮೀ. ಇತ್ತು.

ಅಟ್ಲಾಂಟಿಕ್ ಸಾಗರದಲ್ಲಿ ಆರಂಭವಾದ ಪಥವು ಅಂಗೋಲ, ಜೈರೆ (ಇಂದಿನ ಕಾಂಗೊ ಪ್ರಜಾಸತ್ತಾತ್ಮಕ ಗಣರಾಜ್ಯ), ತಾಂಜಾನಿಯ ಮತ್ತು ಕೀನ್ಯಾಗಳನ್ನು ಹಾದು ಅರಬ್ಬಿ ಸಮುದ್ರದ ಮೂಲಕ ಭಾರತವನ್ನು ತಲುಪಿತು. ಮುಂದೆ ಬಾಂಗ್ಲಾದೇಶ ಮತ್ತು ಬರ್ಮಾಗಳನ್ನು ದಾಟಿ, ಚೀನಾದ ಯುನ್ನಾನ್ ಪ್ರಾಂತ್ಯವನ್ನು ಸೂರ್ಯಾಸ್ತದ ಹೊತ್ತಿಗೆ ಪ್ರವೇಶಿಸಿ ಆ ದೇಶದಲ್ಲಿ ಕೊನೆಗೊಂಡಿತು.

ಕರ್ನಾಟಕ ಮತ್ತು ರಾಯಚೂರು ಜಿಲ್ಲೆಯಲ್ಲಿ

ಕರ್ನಾಟಕದಲ್ಲಿ ಅಂಕೋಲಾ, ಹುಬ್ಬಳ್ಳಿ, ಗದಗ ಮತ್ತು ರಾಯಚೂರು ಪೂರ್ಣತೆಯ ಪಥದೊಳಗಿದ್ದ ಪ್ರಮುಖ ಊರುಗಳು. ರಾಯಚೂರಿನಲ್ಲಿ ಮಧ್ಯಾಹ್ನ 3.45ರ ಆಸುಪಾಸಿನಲ್ಲಿ ಸೂರ್ಯನು ಸಂಪೂರ್ಣವಾಗಿ ಮರೆಯಾದನು. ಆ ವೇಳೆಗೆ ಅವನು ನೈಋತ್ಯ ಆಕಾಶದಲ್ಲಿ, ದಿಗಂತದಿಂದ ಸುಮಾರು 35 ಡಿಗ್ರಿ ಎತ್ತರದಲ್ಲಿದ್ದನು. ಪೂರ್ಣತೆ ಎರಡು ನಿಮಿಷಕ್ಕೂ ಹೆಚ್ಚು ಕಾಲ ಇತ್ತು.

ಪೂರ್ಣತೆಯ ಅವಧಿ ಪಥದ ಮಧ್ಯರೇಖೆಯ ಮೇಲೆ ಅತಿ ಹೆಚ್ಚು. ಅಂಚಿನತ್ತ ಸರಿದಂತೆ ಅದು ಕುಗ್ಗುತ್ತದೆ. ಮಾನ್ವಿ ಮತ್ತು ಜವಳಗೇರಾಗಳು ಮಧ್ಯರೇಖೆಗೆ ಹತ್ತಿರವಾಗಿದ್ದವು. ಉತ್ತರಕ್ಕೆ, ಕೃಷ್ಣಾ ನದಿಯ ಕಡೆಗಿರುವ ದೇವದುರ್ಗವು ಮಧ್ಯರೇಖೆಯಿಂದ ದೂರವಿತ್ತು. ಒಂದೇ ಜಿಲ್ಲೆಯ ಎರಡು ಊರುಗಳಿಗೆ ಒಂದೇ ಗ್ರಹಣವು ಬೇರೆ ಬೇರೆ ಅವಧಿಗೆ ಕಾಣಿಸುವುದು ಈ ಕಾರಣದಿಂದ. ಪಥದ ಹೊರಗೆ ಉಳಿದ ಹೈದರಾಬಾದ್ ನಗರದಲ್ಲಿ ಸೂರ್ಯನ ಬಹುಭಾಗ ಮರೆಯಾದರೂ ಪೂರ್ಣತೆ ಕಾಣಲಿಲ್ಲ.

ಈ ಸೀಮೆಯನ್ನು ವಿಜ್ಞಾನಿಗಳು ಆರಿಸಿಕೊಳ್ಳಲು ಹವಾಮಾನವೂ ಅನುಕೂಲವಾಗಿತ್ತು. ಕೃಷ್ಣಾ ಮತ್ತು ತುಂಗಭದ್ರಾ ನದಿಗಳ ನಡುವಣ ಈ ಬಯಲುನಾಡು ಮಳೆ ಕಡಿಮೆಯಿರುವ ಪ್ರದೇಶ. ಫೆಬ್ರುವರಿಯಲ್ಲಿ ಇಲ್ಲಿ ಆಕಾಶ ಸಾಮಾನ್ಯವಾಗಿ ನಿರ್ಮಲವಾಗಿರುತ್ತದೆ ಮತ್ತು ದಿಗಂತವನ್ನು ಮರೆಮಾಡುವ ಬೆಟ್ಟಸಾಲುಗಳು ವಿರಳ.

ಪೂರ್ಣತೆಯ ಸಮಯದ ದೃಶ್ಯ

ಖಗ್ರಾಸ ಗ್ರಹಣದಲ್ಲಿ ಸೂರ್ಯಬಿಂಬವು ಮೊದಲು ಒಂದು ಬದಿಯಿಂದ ಕರಗುತ್ತ ಬರುತ್ತದೆ. ಈ ಪಾರ್ಶ್ವ ಹಂತವು ಒಂದು ಗಂಟೆಗೂ ಹೆಚ್ಚು ಕಾಲ ನಡೆಯುತ್ತದೆ. ಕೊನೆಯ ಕ್ಷಣಗಳಲ್ಲಿ ಚಂದ್ರನ ಅಂಚಿನ ಕಣಿವೆಗಳ ನಡುವೆ ಸೂರ್ಯನ ಬೆಳಕು ಮಣಿಗಳಂತೆ ಹೊಳೆಯುತ್ತದೆ; ಇವಕ್ಕೆ ಬೈಲಿ ಮಣಿಗಳೆಂದು ಹೆಸರು. ಉಳಿದ ಒಂದೇ ಬಿಂದುವು ವಜ್ರದುಂಗುರದಂತೆ ತೋರಿ ಅಳಿದೊಡನೆ ಕತ್ತಲು ಕವಿಯುತ್ತದೆ. ಆಗ ಕಪ್ಪು ಬಿಂಬದ ಸುತ್ತ ಸೂರ್ಯನ ಹೊರವಾತಾವರಣವಾದ ಕರೋನ ಬೆಳ್ಳಗೆ ಹರಡಿಕೊಂಡು ಕಾಣುತ್ತದೆ. ಉಷ್ಣತೆ ಇಳಿಯುತ್ತದೆ; ಹಕ್ಕಿಗಳು ಗೂಡಿನತ್ತ ಹೊರಡುತ್ತವೆ; ಪ್ರಕಾಶಮಾನವಾದ ಗ್ರಹಗಳು ಹಗಲಿನಲ್ಲೇ ಗೋಚರಿಸುತ್ತವೆ. 1980ರಲ್ಲಿ ಶುಕ್ರಗ್ರಹವು ಸೂರ್ಯನ ಪೂರ್ವ ದಿಕ್ಕಿಗೆ ಕಾಣುವ ಸ್ಥಾನದಲ್ಲಿತ್ತು.

ಸೂರ್ಯನ ಚಟುವಟಿಕೆ ಸುಮಾರು 11 ವರ್ಷಗಳಿಗೊಮ್ಮೆ ಏರಿ ಇಳಿಯುತ್ತದೆ. 1980ರ ಆರಂಭದಲ್ಲಿ ಅದು 21ನೆಯ ಸೌರಚಕ್ರದ ಗರಿಷ್ಠ ಮಟ್ಟದ ಸಮೀಪದಲ್ಲಿತ್ತು. ಕನಿಷ್ಠ ಚಟುವಟಿಕೆಯ ಕಾಲದಲ್ಲಿ ಕರೋನ ಸಮಭಾಜಕದ ಎರಡು ಬದಿಗೆ ಮಾತ್ರ ಉದ್ದವಾಗಿ ಚಾಚಿದರೆ, ಗರಿಷ್ಠ ಕಾಲದಲ್ಲಿ ಅದರ ಎಳೆಗಳು ಎಲ್ಲ ದಿಕ್ಕುಗಳಿಗೂ ಹರಡಿ ದುಂಡಗೆ ತೋರುತ್ತವೆ. 1980ರಲ್ಲಿ ಕಂಡದ್ದು ಇಂಥ ದುಂಡನೆಯ ಕರೋನ. ಸೌರ ಚಟುವಟಿಕೆಯ ಈ ಉಚ್ಛ್ರಾಯವನ್ನು ಅಧ್ಯಯನ ಮಾಡಲು ಅಮೆರಿಕದ ನಾಸಾ ಸಂಸ್ಥೆಯು ‘ಸೋಲಾರ್ ಮ್ಯಾಕ್ಸಿಮಮ್ ಮಿಷನ್’ ಉಪಗ್ರಹವನ್ನು ಗ್ರಹಣಕ್ಕೆ ಎರಡು ದಿನ ಮೊದಲು, ಫೆಬ್ರುವರಿ 14ರಂದು ಉಡಾಯಿಸಿತ್ತು.

ವೈಜ್ಞಾನಿಕ ವೀಕ್ಷಣೆ

ಭಾರತೀಯ ಖಭೌತ ಸಂಸ್ಥೆಯು ತನ್ನ ಸ್ಥಾಪಕ ನಿರ್ದೇಶಕ ಎಂ. ಕೆ. ವೇಣು ಬಾಪು ಅವರ ಮುಂದಾಳತ್ವದಲ್ಲಿ ಹುಬ್ಬಳ್ಳಿ ಬಳಿಯ ಹೊಸೂರು ಮತ್ತು ಸಿಂಧನೂರು ತಾಲ್ಲೂಕಿನ ಜವಳಗೇರಾಗಳಲ್ಲಿ ಶಿಬಿರಗಳನ್ನು ಹೂಡಿತು. ಜವಳಗೇರಾ ಮಾನ್ವಿ–ಸಿಂಧನೂರು ಹೆದ್ದಾರಿಯಲ್ಲಿರುವ ಗ್ರಾಮ. ನೆರೆಯ ಆಂಧ್ರಪ್ರದೇಶದಲ್ಲಿ (ಇಂದಿನ ತೆಲಂಗಾಣ) ಉಸ್ಮಾನಿಯಾ ವಿಶ್ವವಿದ್ಯಾಲಯದ ಜಪಾಲ್–ರಂಗಾಪುರ ವೀಕ್ಷಣಾಲಯ ಹಾಗೂ ಪಾಲೆಂ ಗ್ರಾಮಗಳಿಂದ ಅಮೆರಿಕದ ತಂಡಗಳೂ ಗ್ರಹಣವನ್ನು ಅಧ್ಯಯನ ಮಾಡಿದವು.

ಸೌರವಿಜ್ಞಾನಿ ಜಗದೇವ್ ಸಿಂಗ್ ಅವರಿಗೆ ಇದು ಮೊದಲ ಗ್ರಹಣ ವೀಕ್ಷಣಾ ಕಾರ್ಯವಾಗಿತ್ತು. ಒಂಬತ್ತು ಇಲೆಕ್ಟ್ರಾನುಗಳನ್ನು ಕಳೆದುಕೊಂಡ ಕಬ್ಬಿಣದ ಪರಮಾಣುಗಳು 6374 ಆಂಗ್‌ಸ್ಟ್ರಾಮ್ ತರಂಗಾಂತರದಲ್ಲಿ ಹೊಮ್ಮಿಸುವ ಕೆಂಪು ಬೆಳಕಿನ ರೋಹಿತರೇಖೆಯನ್ನು ದಾಖಲಿಸಿ, ಅದರ ಆಕಾರದಿಂದ ಕರೋನದ ಸ್ಥಿತಿಯನ್ನು ತಿಳಿಯುವುದು ಈ ಪ್ರಯೋಗದ ಉದ್ದೇಶವಾಗಿತ್ತು. ಅದರ ಫಲಿತಾಂಶಗಳನ್ನು ಸಿಂಗ್, ಬಾಪು ಮತ್ತು ಸಕ್ಸೇನಾ 1982ರಲ್ಲಿ ಪ್ರಕಟಿಸಿದರು. ಸೂರ್ಯನ ಮೇಲ್ಮೈ ಉಷ್ಣತೆ ಸುಮಾರು 5,500 ಡಿಗ್ರಿ ಸೆಲ್ಸಿಯಸ್ ಆಗಿದ್ದರೂ ಅದರಾಚೆಯ ಕರೋನ ಹತ್ತು ಲಕ್ಷ ಡಿಗ್ರಿಗೂ ಮೀರಿ ಕಾದಿರುವುದೇಕೆ ಎಂಬುದು ಸೌರವಿಜ್ಞಾನದ ದೊಡ್ಡ ಪ್ರಶ್ನೆಗಳಲ್ಲೊಂದು.

ಸಿಂಗ್ 2010ರವರೆಗೆ ಒಟ್ಟು ಹತ್ತು ಗ್ರಹಣ ಯಾತ್ರೆಗಳಲ್ಲಿ ಪಾಲ್ಗೊಂಡರು. ಪ್ರತಿ ಯಾತ್ರೆಯಲ್ಲೂ ಕರೋನ ಕೆಲವೇ ನಿಮಿಷಗಳಷ್ಟು ಮಾತ್ರ ದೊರೆಯುತ್ತಿದ್ದುದರಿಂದ, ಅದನ್ನು ನಿರಂತರವಾಗಿ ನೋಡಬಲ್ಲ ಉಪಕರಣವನ್ನು ಬಾಹ್ಯಾಕಾಶದಲ್ಲಿರಿಸುವ ಪ್ರಸ್ತಾವವನ್ನು ಅವರು ಮಂಡಿಸಿದರು. ಇದೇ ಮುಂದೆ ಭಾರತೀಯ ಖಭೌತ ಸಂಸ್ಥೆಯು ನಿರ್ಮಿಸಿದ ಕರೋನದರ್ಶಕವಾಗಿ ರೂಪುಗೊಂಡಿತು. 2023ರ ಸೆಪ್ಟೆಂಬರ್ 2ರಂದು ಉಡಾವಣೆಗೊಂಡ ಆದಿತ್ಯ–ಎಲ್1 ನೌಕೆಯ ಪ್ರಧಾನ ಉಪಕರಣವೇ ಅದು.

ಹಿಂದಿನ ಗ್ರಹಣಗಳು

ಕನ್ನಡನಾಡಿಗೆ ಗ್ರಹಣ ವೀಕ್ಷಕರು ಬಂದದ್ದು 1980ರಲ್ಲೇ ಮೊದಲಲ್ಲ. 1868ರ ಆಗಸ್ಟ್ 18ರ ಖಗ್ರಾಸ ಗ್ರಹಣವನ್ನು ನೋಡಲು ಲಂಡನ್ನಿನ ರಾಯಲ್ ಸೊಸೈಟಿಯ ಪರವಾಗಿ ಲೆಫ್ಟಿನೆಂಟ್ ಜಾನ್ ಹರ್ಷೆಲ್ ಜಮಖಂಡಿಯಲ್ಲಿ ನೆಲೆಯೂರಿದ್ದರು. ಮಳೆಗಾಲದ ಮೋಡಗಳ ನಡುವೆ ದೊರೆತ ಅಲ್ಪ ಅವಕಾಶದಲ್ಲೇ ಅವರು ಸೌರಜ್ವಾಲೆಗಳ ರೋಹಿತರೇಖೆಗಳನ್ನು ಗುರುತಿಸಿದರು. ಅದೇ ಗ್ರಹಣವನ್ನು ಗುಂಟೂರಿನಲ್ಲಿ ಫ್ರಾನ್ಸಿನ ಜಾನ್ಸನ್ ವೀಕ್ಷಿಸಿದರು. ಸೌರಜ್ವಾಲೆಗಳ ರೋಹಿತದಲ್ಲಿ ಆ ವರ್ಷ ಕಂಡ ಹಳದಿ ರೇಖೆಯೇ ಮುಂದೆ ಹೀಲಿಯಂ ಧಾತುವಿನ ಪತ್ತೆಗೆ ದಾರಿಯಾಯಿತು. 1871ರ ಡಿಸೆಂಬರ್ 12ರ ಗ್ರಹಣವನ್ನು ಬ್ರಿಟನ್ನಿನ ನಾರ್ಮನ್ ಲಾಕ್ಯರ್ ತಂಡವು ಅಂದಿನ ದಕ್ಷಿಣ ಕನ್ನಡ ಜಿಲ್ಲೆಗೆ ಸೇರಿದ್ದ, ಇಂದು ಕಾಸರಗೋಡು ಜಿಲ್ಲೆಯಲ್ಲಿರುವ ಬೇಕಲ ಕೋಟೆಯಿಂದ ವೀಕ್ಷಿಸಿತು.

ಸಾಮಾಜಿಕ ನೆಲೆ

ಗ್ರಹಣವನ್ನು ಪುಣ್ಯಕಾಲವೆಂದು ಬಗೆಯುವ ಪರಂಪರೆ ಈ ನಾಡಿನಲ್ಲಿ ಹಳೆಯದು. ಸೂರ್ಯಗ್ರಹಣದ ನಿಮಿತ್ತ ಭೂದಾನ ನೀಡಿದ ಉಲ್ಲೇಖಗಳು ಕನ್ನಡ ಶಾಸನಗಳಲ್ಲಿ ಹೇರಳವಾಗಿವೆ. ಅಂಥ ಉಲ್ಲೇಖಗಳು ಶಾಸನದ ಕಾಲವನ್ನು ನಿರ್ಣಯಿಸಲು ಇತಿಹಾಸಕಾರರಿಗೆ ನೆರವಾಗುತ್ತವೆ. ಇದರೊಂದಿಗೆ ಭಯದ ಆಚರಣೆಗಳೂ ಬೆಳೆದಿವೆ. ಗ್ರಹಣ ಹಿಡಿದಾಗ ಉಣ್ಣದಿರುವುದು, ನೀರು ಮತ್ತು ಅಡುಗೆಯ ಮೇಲೆ ದರ್ಭೆ ಇಡುವುದು, ಗರ್ಭಿಣಿಯರನ್ನು ಹೊರಗೆ ಬಿಡದಿರುವುದು, ಬಿಟ್ಟ ಬಳಿಕ ನದಿಯಲ್ಲಿ ಮೀಯುವುದು ಇವುಗಳಲ್ಲಿ ಸೇರಿವೆ.

1980ರಲ್ಲಿ ದೇಶದ ಅನೇಕ ಊರುಗಳಲ್ಲಿ ಜನರು ಕಿಟಕಿ–ಬಾಗಿಲು ಮುಚ್ಚಿ ಮನೆಯೊಳಗೇ ಉಳಿದರು. ಬೀದಿಗಳು ಬಿಕೋ ಎನ್ನುತ್ತಿದ್ದವು. ದೂರದೇಶಗಳಿಂದ ವಿಜ್ಞಾನಿಗಳು ಹುಡುಕಿಕೊಂಡು ಬಂದ ನೋಟವನ್ನು ಅದರ ನೆರಳಿನಲ್ಲೇ ಇದ್ದ ಬಹಳಷ್ಟು ಮಂದಿ ನೋಡಲಿಲ್ಲ. ಗ್ರಹಣದ ಕಾಲದಲ್ಲಿ ವಿಶೇಷ ಕಿರಣಗಳು ಹೊರಡುತ್ತವೆ ಎಂಬ ನಂಬಿಕೆಗೆ ಆಧಾರವಿಲ್ಲ. ಬರಿಗಣ್ಣಿನಿಂದ ಸೂರ್ಯನನ್ನು ನೋಡುವುದು ಮಾತ್ರ ನಿಜವಾದ ಅಪಾಯ, ಮತ್ತು ಅದು ಗ್ರಹಣವಿಲ್ಲದ ದಿನದಲ್ಲೂ ಅಷ್ಟೇ ಇರುತ್ತದೆ.

ನಂತರದ ದಶಕಗಳಲ್ಲಿ ಪರಿಸ್ಥಿತಿ ಬದಲಾಯಿತು. 1995ರ ಅಕ್ಟೋಬರ್ 24ರ ಗ್ರಹಣವನ್ನು ದೂರದರ್ಶನವು ವಿಜ್ಞಾನಿ ಯಶ್ ಪಾಲ್ ಅವರ ವಿವರಣೆಯೊಂದಿಗೆ ನೇರ ಪ್ರಸಾರ ಮಾಡಿತು. 2019ರ ಡಿಸೆಂಬರ್ 26ರ ಕಂಕಣ ಗ್ರಹಣವನ್ನು ನೋಡಲು ಕಾಸರಗೋಡು ಜಿಲ್ಲೆಯ ಚೆರುವತ್ತೂರು ಮತ್ತು ಕೊಡಗಿನಲ್ಲಿ ಆಸಕ್ತರು ನೆರೆದರು. ಅದೇ ದಿನ ಕಲಬುರಗಿ ತಾಲ್ಲೂಕಿನ ಗ್ರಾಮವೊಂದರಲ್ಲಿ, ಅಂಗವೈಕಲ್ಯ ಗುಣವಾಗುವುದೆಂಬ ನಂಬಿಕೆಯಿಂದ ಮಕ್ಕಳನ್ನು ಕುತ್ತಿಗೆಯವರೆಗೆ ಮಣ್ಣಿನಲ್ಲಿ ಹೂಳಿದ್ದು ವರದಿಯಾಯಿತು.

ಸುರಕ್ಷಿತ ವೀಕ್ಷಣೆ

ಅಕ್ಷಿಪಟಲದಲ್ಲಿ ನೋವನ್ನು ತಿಳಿಸುವ ನರಗಳಿಲ್ಲದ ಕಾರಣ, ಸೂರ್ಯನನ್ನು ನೇರವಾಗಿ ನೋಡಿ ಕಣ್ಣು ಸುಟ್ಟರೂ ಆ ಕ್ಷಣಕ್ಕೆ ತಿಳಿಯುವುದಿಲ್ಲ. ಆದ್ದರಿಂದ ಕೆಳಗಿನ ಎಚ್ಚರಿಕೆಗಳು ಅಗತ್ಯ:

• ಪಾರ್ಶ್ವ ಮತ್ತು ಕಂಕಣ ಹಂತಗಳಲ್ಲಿ ಪ್ರಮಾಣೀಕೃತ ಸೌರ ಕನ್ನಡಕ ಅಥವಾ 14ನೆಯ ಸಂಖ್ಯೆಯ ವೆಲ್ಡಿಂಗ್ ಗಾಜನ್ನು ಬಳಸಬೇಕು.
• ಮಸಿ ಹಿಡಿಸಿದ ಗಾಜು, ತಂಪು ಕನ್ನಡಕ, ಎಕ್ಸ್–ರೇ ಹಾಳೆ ಮತ್ತು ನೀರಿನಲ್ಲಿ ಕಾಣುವ ಪ್ರತಿಬಿಂಬ ಸುರಕ್ಷಿತವಲ್ಲ.
• ರಟ್ಟಿನಲ್ಲಿ ಸೂಜಿಯಿಂದ ಮಾಡಿದ ಸಣ್ಣ ರಂಧ್ರದ ಮೂಲಕ ಸೂರ್ಯನ ಬಿಂಬವನ್ನು ಬಿಳಿ ಹಾಳೆಯ ಮೇಲೆ ಬೀಳಿಸಿ ನೋಡುವುದು ಸುಲಭ ಉಪಾಯ. ಮರದ ಎಲೆಗಳ ಸಂದಿನಿಂದಲೂ ಇಂಥ ಬಿಂಬಗಳು ನೆಲದ ಮೇಲೆ ಮೂಡುತ್ತವೆ.
• ಸೂರ್ಯ ಸಂಪೂರ್ಣ ಮರೆಯಾದ ಪೂರ್ಣತೆಯ ಅವಧಿಯಲ್ಲಿ ಮಾತ್ರ ಬರಿಗಣ್ಣಿನಿಂದ ನೋಡಬಹುದು.

ಗ್ರಹಣ ಪ್ರವಾಸ ಮತ್ತು ಧ್ರುವಪ್ರಭೆ ಪ್ರವಾಸ

ಭೂಮಿಯ ಮೇಲಿನ ಯಾವುದೇ ಒಂದು ಸ್ಥಳದಲ್ಲಿ ಖಗ್ರಾಸ ಸೂರ್ಯಗ್ರಹಣ ಸರಾಸರಿ ಸುಮಾರು 375 ವರ್ಷಗಳಿಗೊಮ್ಮೆ ಕಾಣುತ್ತದೆ. ಹೀಗಾಗಿ ಅದನ್ನು ನೋಡಬಯಸುವವರು ನೆರಳು ಬೀಳುವಲ್ಲಿಗೆ ಹೋಗಬೇಕಾಗುತ್ತದೆ. ಇದರಿಂದ ಗ್ರಹಣ ಪ್ರವಾಸವೆಂಬ ಪದ್ಧತಿ ಬೆಳೆದಿದೆ.

ಇದಕ್ಕೆ ಹತ್ತಿರವಾದದ್ದು ಉತ್ತರಧ್ರುವ ವಲಯದ ಧ್ರುವಪ್ರಭೆ ಪ್ರವಾಸ. ಗ್ರಹಣದಲ್ಲಿ ಕಾಣುವ ಕರೋನದಿಂದಲೇ ಸೌರಮಾರುತ ಹೊರಡುತ್ತದೆ. ಅದರ ಕಣಗಳ ಪ್ರಭಾವದಿಂದ ಭೂಮಿಯ ಮೇಲ್ವಾತಾವರಣದಲ್ಲಿ ಧ್ರುವಪ್ರಭೆ ಮೂಡುತ್ತದೆ. ನಾರ್ವೆಯ ಟ್ರೊಮ್ಸೊ, ಫಿನ್ಲೆಂಡಿನ ರೊವಾನಿಯೆಮಿ ಮತ್ತು ಕೆನಡಾದ ಯೆಲ್ಲೊನೈಫ್ ಇದಕ್ಕೆ ಹೆಸರಾದ ಊರುಗಳು. ಗ್ರಹಣದ ಕಾಲವನ್ನು ಸೆಕೆಂಡಿನ ಲೆಕ್ಕದಲ್ಲಿ ಮೊದಲೇ ಹೇಳಬಹುದು. ಧ್ರುವಪ್ರಭೆಯನ್ನು ಹಾಗೆ ಹೇಳಲಾಗದು. ಆದಕಾರಣ ಅಲ್ಲಿನ ಮಾರ್ಗದರ್ಶಕರು ಸೌರ ಚಟುವಟಿಕೆಯ ಮುನ್ಸೂಚನೆ ಮತ್ತು ಮೋಡದ ನಕ್ಷೆಗಳನ್ನು ನೋಡಿಕೊಂಡು ಪ್ರವಾಸಿಗರನ್ನು ರಾತ್ರಿಯೆಲ್ಲ ನಿರ್ಮಲ ಆಕಾಶವಿರುವ ಕಡೆಗೆ ಕರೆದೊಯ್ಯುತ್ತಾರೆ. ಚೀನಾದಿಂದ ಬರುವವರಿಗಾಗಿ ಚೀನೀ ಭಾಷೆಯಲ್ಲೇ ವಿವರಿಸುವ ಮಾರ್ಗದರ್ಶಕರೂ ಇದ್ದಾರೆ. ತೀವ್ರ ಚಳಿಯಲ್ಲಿ ವಹಿಸಬೇಕಾದ ಎಚ್ಚರ ಮತ್ತು ಕಾಣುತ್ತಿರುವುದರ ಅರ್ಥ ಎರಡನ್ನೂ ನೋಡುಗರ ಭಾಷೆಯಲ್ಲಿ ತಿಳಿಸುವುದು ಇಂಥ ಪ್ರವಾಸದ ಮುಖ್ಯ ಭಾಗ. ಗ್ರಹಣ ವೀಕ್ಷಣೆಗೂ ಇದು ಅನ್ವಯಿಸುತ್ತದೆ.

2024ರ ಮೇ ತಿಂಗಳ ಪ್ರಬಲ ಸೌರ ಬಿರುಗಾಳಿಯ ವೇಳೆ ಲಡಾಖಿನ ಹಾನ್ಲೆಯಲ್ಲಿರುವ ಭಾರತೀಯ ಖಭೌತ ಸಂಸ್ಥೆಯ ವೀಕ್ಷಣಾಲಯದಿಂದ ಕೆಂಪು ಪ್ರಭೆ ಕಾಣಿಸಿತ್ತು.

ಸಾರೋಸ್ ಸರಣಿ

ಈ ಗ್ರಹಣವು 130ನೆಯ ಸಾರೋಸ್ ಸರಣಿಯ 73 ಗ್ರಹಣಗಳಲ್ಲಿ 50ನೆಯದು. ಒಂದೇ ಸರಣಿಯ ಗ್ರಹಣಗಳು ಸುಮಾರು 18 ವರ್ಷ 11 ದಿನ 8 ಗಂಟೆಗಳ ಅಂತರದಲ್ಲಿ ಮರುಕಳಿಸುತ್ತವೆ. ಹೆಚ್ಚುವರಿ 8 ಗಂಟೆಗಳಲ್ಲಿ ಭೂಮಿ ಮೂರನೆಯ ಒಂದು ಭಾಗ ತಿರುಗುವುದರಿಂದ ಪ್ರತಿ ಬಾರಿಯೂ ಪಥವು ಪಶ್ಚಿಮಕ್ಕೆ ಸರಿಯುತ್ತದೆ. ಮೂರು ಆವರ್ತನಗಳ ನಂತರ ಸರಿಸುಮಾರು ಅದೇ ರೇಖಾಂಶಗಳಿಗೆ ಮರಳುತ್ತದೆ. ಅದರಂತೆ 1998ರ ಫೆಬ್ರುವರಿ 26ರಂದು ಕೆರಿಬಿಯನ್ ಪ್ರದೇಶದಲ್ಲಿ, 2016ರ ಮಾರ್ಚ್ 9ರಂದು ಇಂಡೊನೇಷ್ಯಾದಲ್ಲಿ ಈ ಸರಣಿಯ ಗ್ರಹಣಗಳು ಕಂಡವು. ಮುಂದಿನದು 2034ರ ಮಾರ್ಚ್ 20ರಂದು ಸಂಭವಿಸಲಿದ್ದು, ಅದರ ಪೂರ್ಣತೆಯ ಪಥವು ಭಾರತದ ಉತ್ತರ ತುದಿಯ ಕಾರ್ಗಿಲ್ ಪ್ರದೇಶವನ್ನು ಹಾದುಹೋಗಲಿದೆ. ಆ ದಿನ ಕರ್ನಾಟಕವು ಪೂರ್ಣತೆಯ ಪಥದಿಂದ ಹೊರಗಿರುತ್ತದೆ.